ರಿಗ್ಗಿನಲ್ಲಿ ಮಡ್ ನೋಡಿಕೊಂಡವನ ನಾಲ್ಕು ಮಾತು

ನಾನು ಮಲ್ಪೆ ಕಡೆಯವನು. ಕೆಲಸ ಮಾಡಿದ್ದು ಮುಂಬೈ ಹೈಯಲ್ಲಿ, ಅಂದರೆ ಮುಂಬೈ ಆಚೆ ಸಮುದ್ರದಲ್ಲಿರುವ ಎಣ್ಣೆ ಕ್ಷೇತ್ರದಲ್ಲಿ, ಮಡ್ ಇಂಜಿನಿಯರ್ ಆಗಿ. ಎಣ್ಣೆ ಬಾವಿ ಕೊರೆಯುವ ರಿಗ್ ಅಂದ ಕೂಡಲೇ ಊರಿನವರಿಗೆ ಎಣ್ಣೆಯ ಕಾರಂಜಿ ನೆನಪಾಗುತ್ತದೆ. ಬಾವಿ ಕೊರೆಯುವಾಗ ಕಾರಂಜಿ ಬಂತು ಅಂದ್ರೆ ನಮ್ಮ ಕೆಲಸ ಕೆಟ್ಟಿತು ಅಂತಲೇ ಅರ್ಥ.

ಮಡ್ ಅಂದರೆ ನೀರಿಗೆ ಬೆಂಟೋನೈಟ್ ಜೇಡಿ, ತೂಕಕ್ಕೆ ಬರೈಟ್ ಪುಡಿ, ಇನ್ನೊಂದಿಷ್ಟು ಕೆಮಿಕಲ್ ಹಾಕಿ ಕದಡಿದ ಕೆಸರು. ಪೈಪಿನ ಒಳಗಿಂದ ಪಂಪ್ ಮಾಡುತ್ತೇವೆ, ಅದು ಬಿಟ್‌ನ, ಅಂದರೆ ಪೈಪಿನ ತುದಿಯ ಕೊರೆಯುವ ಹಲ್ಲಿನ, ತೂತಿನಿಂದ ಹೊರಬಂದು, ಕಲ್ಲಿನ ಚೂರುಗಳನ್ನು ಹೊತ್ತುಕೊಂಡು ಪೈಪಿನ ಹೊರಬದಿಯಿಂದ ಮೇಲೆ ಬರುತ್ತದೆ. ಕೆಳಗಿನ ಗ್ಯಾಸ್, ಎಣ್ಣೆ ನುಗ್ಗದಂತೆ ಅದುಮಿ ಹಿಡಿಯುವುದೂ ಈ ಕೆಸರಿನ ತೂಕವೇ. ಹಾಗಂತ ತೂಕ ಜಾಸ್ತಿ ಮಾಡಿದರೆ ಕಲ್ಲು ಬಿರಿದು ಮಡ್ ಒಳಗೇ ಹೋಗುತ್ತದೆ. ಮುಂಬೈ ಹೈಯಲ್ಲಿ ಎಣ್ಣೆ ಇರುವುದು ಸುಣ್ಣಕಲ್ಲಿನಲ್ಲಿ, ಬಿರುಕು ಬೇರೆ. ಮೇಲಿನ ಮಡ್ ಟ್ಯಾಂಕ್ ನೋಡ್ತಾ ನೋಡ್ತಾ ಇಳಿಯುತ್ತದೆ, ಆಗ ಬಿರುಕು ಮುಚ್ಚಲು ಮೈಕಾ, ಅಕ್ರೋಟ್ ಚಿಪ್ಪಿನ ಪುಡಿ ಅಂತ ಸಿಕ್ಕಿದ್ದೆಲ್ಲ ಸುರಿಯುವುದೇ ಕೆಲಸ.

ತೂಕ ನೋಡಲು ತಕ್ಕಡಿಯಂಥದ್ದೇ ಒಂದು ಸಾಧನ ಉಂಟು. ಒಂದು ತುದಿಯಲ್ಲಿ ಲೋಟ, ಅದಕ್ಕೆ ಮಡ್ ತುಂಬಿ ಮುಚ್ಚಳ ಒತ್ತಬೇಕು. ಮುಚ್ಚಳದ ಸಣ್ಣ ತೂತಿನಿಂದ ಸ್ವಲ್ಪ ಮಡ್ ಉಕ್ಕಬೇಕು, ಇಲ್ಲದಿದ್ದರೆ ಒಳಗೆ ಗಾಳಿ ಉಳಿದಿದೆ ಅಂತ. ಹೊರಗೆ ಚೆನ್ನಾಗಿ ಒರೆಸಿ, ಗುಂಡು ಜರುಗಿಸಿ, ಮಟ್ಟ ತೋರಿಸುವ ಗುಳ್ಳೆ ನಡುವಿಗೆ ಬಂದ ಮೇಲೆ ಓದಬೇಕು. ಒರೆಸದೆ ಓದುವವರನ್ನು ನೋಡಿದರೆ ನನಗೆ ಈಗಲೂ ಸಿಟ್ಟು ಬರುತ್ತದೆ.

ಇದಕ್ಕಿಂತ ಮುಖ್ಯ ಟ್ಯಾಂಕಿನ ಮಟ್ಟ. ಏನೂ ಸೇರಿಸದೆ ಮಟ್ಟ ಏರುತ್ತಿದ್ದರೆ ಕೆಳಗಿಂದ ಏನೋ ಬಾವಿಯೊಳಗೆ ಬರುತ್ತಿದೆ. ಪಂಪ್ ನಿಲ್ಲಿಸಿ ನೋಡಿ, ಆಮೇಲೂ ಹರಿದರೆ ಬಿಓಪಿ, ಅಂದರೆ ಬಾವಿಯ ಬಾಯಿ ಬಂದ್ ಮಾಡುವ ದೊಡ್ಡ ವಾಲ್ವ್, ಮುಚ್ಚಿಸಿ, ಪ್ರಶ್ನೆ ಆಮೇಲೆ. 2010ರ ಏಪ್ರಿಲ್ 20ರಂದು ಮೆಕ್ಸಿಕೋ ಕೊಲ್ಲಿಯ ಮಕೊಂಡೊ ಬಾವಿ ಸಿಡಿದು 11 ಜನ ಸತ್ತರು, 87 ದಿನ ಎಣ್ಣೆ ಸಮುದ್ರಕ್ಕೆ ಹರಿಯಿತು. ಅಲ್ಲಿಯೂ ಸೂಚನೆ ಇತ್ತು, ಒತ್ತಡದ ಪರೀಕ್ಷೆಯನ್ನು ತಪ್ಪಾಗಿ ಓದಿದರು.

ಇನ್ನು ಕಲ್ಲಿನ ಚೂರು, ಅಂದರೆ ಕಟಿಂಗ್ಸ್. ಅದು ಶೇಕರ್ ಅನ್ನುವ ಅದುರುವ ಜರಡಿಯ ಜಾಲರಿ ಮೇಲೆ ಕುಣಿಯುತ್ತಾ ಬೇರೆಯಾಗುತ್ತದೆ. ನೀರಿನ ಬದಲು ಡೀಸೆಲ್ ಹಾಕಿದ ಮಡ್ ನಮ್ಮಲ್ಲಿ ನಿಷೇಧ. ಕಡಿಮೆ ವಿಷದ ಎಣ್ಣೆ ಮಡ್ ಬಳಸಿದ ಬಾವಿಯಲ್ಲಿ, ಸಮುದ್ರಕ್ಕೆ ಬಿಡುವ ಚೂರಿಗೆ ಅಂಟಿದ ಎಣ್ಣೆ ಕಿಲೋಗೆ 10 ಗ್ರಾಂಗಿಂತ ಕಡಿಮೆ ಇರಬೇಕು. ಬರೈಟ್‌ನಲ್ಲಿ ಪಾದರಸ ಕಿಲೋಗೆ 1 ಮಿಲಿಗ್ರಾಂ, ಕ್ಯಾಡ್ಮಿಯಂ 3 ಮಿಲಿಗ್ರಾಂ ದಾಟಬಾರದು. ನಾನು ಚೂರನ್ನು ಸ್ಟೀಲ್ ಕಪ್ಪಿನಲ್ಲಿ ಕಾಯಿಸಿ, ಇಳಿದ ಎಣ್ಣೆ ಗಾಜಿನ ಕೊಳವೆಯಲ್ಲಿ ಎಷ್ಟು ನಿಂತಿದೆ ಅಂತ ಬರೆದುಕೊಳ್ಳುತ್ತಿದ್ದೆ. ಜಾಲರಿ ಹರಿದಿದ್ದರೆ ಚೂರು ಬೇರೆಯಾಗದೆ ಮಡ್ ಜೊತೆಗೇ ಟ್ಯಾಂಕಿಗೆ ಬೀಳುತ್ತದೆ. ಒಮ್ಮೆ ಒಬ್ಬ ಮೇಲಿನವರು, ಬೆಳಿಗ್ಗೆ ಬದಲಾಯಿಸಿದರಾಯ್ತು, ಈಗ ಕೊರೀರಿ ಅಂದರು. ಜಾಲರಿ ಬದಲಾಯಿಸದೆ ವರದಿಗೆ ಸಹಿ ಹಾಕಲ್ಲ ಅಂದೆ. ಮುಖ ಕೆಂಪಾಯ್ತು, ಜಾಲರಿಯೂ ಬದಲಾಯ್ತು.

ಊರಿಗೆ ಬಂದಾಗ ಬೋಟಿನವರು ಕೇಳುತ್ತಿದ್ದ ಪ್ರಶ್ನೆ ಒಂದೇ: "ಮಾರಾಯ್ರೆ, ಮಳೆಗಾಲದಲ್ಲಿ ದಡಕ್ಕೆ ಬರುವ ಈ ಡಾಂಬರು ಉಂಡೆ ನಿಮ್ಮ ರಿಗ್ಗಿನದ್ದೇ ಅಲ್ವಾ?" ಅಲ್ಲ ಅಂತ ಒಂದೇ ಮಾತಿನಲ್ಲಿ ಹೇಳಲು ನನಗೂ ಆಗುವುದಿಲ್ಲ. ಗೋವಾದ ರಾಷ್ಟ್ರೀಯ ಸಾಗರ ವಿಜ್ಞಾನ ಸಂಸ್ಥೆಯವರು ಅಲ್ಲಿನ ದಡದ ಉಂಡೆಗಳನ್ನು ಪರೀಕ್ಷೆ ಮಾಡಿದ್ದಾರೆ. ಕೆಲವು ವರ್ಷದ್ದು ಟ್ಯಾಂಕರ್ ತೊಳೆದ ಎಣ್ಣೆ, 2013ರದ್ದು ಮುಂಬೈ ಹೈ ಕಡೆಯದ್ದು. ಆದ್ದರಿಂದ ಹಡಗಿನವರನ್ನು ಮಾತ್ರ ಬೈದು ನಾವು ಜಾರಿಕೊಳ್ಳುವ ಹಾಗಿಲ್ಲ. ನಮ್ಮೂರ ದಡದ್ದು ಯಾರದ್ದು ಅನ್ನುವುದಕ್ಕೂ ಹಾಗೇ ಪರೀಕ್ಷೆ ಆಗಬೇಕು.

ಅಂದಹಾಗೆ ಕಾಲಿಗೆ ಅಂಟಿದರೆ ಸೀಮೆಎಣ್ಣೆ, ಪೆಟ್ರೋಲ್ ಹಾಕಬೇಡಿ, ಚರ್ಮ ಉರಿಯುತ್ತದೆ. ತೆಂಗಿನೆಣ್ಣೆ ತಿಕ್ಕಿ, ಹಳೇ ಬಟ್ಟೆಯಲ್ಲಿ ಒರೆಸಿ, ಆಮೇಲೆ ಸೋಪು.