ಕುಯ್ಲಿನ ನಡುವೆ ಮಳೆ ಬಂದಾಗ

ಕೊಡಗಿನ ಸಿದ್ದಾಪುರದ ಸಮೀಪ ನಮ್ಮದು 30 ಎಕರೆ ಕಾಫಿ ತೋಟ, ಬಹುಪಾಲು ರೊಬಸ್ಟಾ ಕಾಫಿ. ಲೈನ್ ಮನೆಯಲ್ಲಿ, ಅಂದರೆ ತೋಟದೊಳಗಿನ ಕಾರ್ಮಿಕರ ಸಾಲುಮನೆಯಲ್ಲಿ, ವರ್ಷವಿಡೀ ಇರುವ 6 ಮಂದಿಯಿಂದ ಕಳೆ ತೆಗೆಯುವ, ಬೇಡದ ಚಿಗುರು ಕೀಳುವ, ಮರಕಸಿಯ (ನೆರಳಿನ ಮರಗಳ ಕೊಂಬೆ ಕಡಿಯುವ) ಕೆಲಸಗಳು ಸಾಗುತ್ತವೆ. ಆದರೆ ಜನವರಿಯಿಂದ ಆರಂಭವಾಗುವ ಕುಯ್ಲಿಗೆ ಇನ್ನೂ 20 ಮಂದಿಯಾದರೂ ಬೇಕು. ಹುಣಸೂರು, ಪಿರಿಯಾಪಟ್ಟಣದ ಕಡೆಯಿಂದ ಮೇಸ್ತ್ರಿ ಕರೆತರುವವರ ಜೊತೆಗೆ ಈಗ ಅಸ್ಸಾಮಿನ ಕುಟುಂಬಗಳೂ ಬರುತ್ತಿವೆ.

ಕೆಲವು ವರ್ಷಗಳ ಹಿಂದೆ ಕುಯ್ಲು ಅರ್ಧಕ್ಕೆ ಬಂದಿದ್ದಾಗ ಮೂರು ದಿನ ಮಳೆ ಸುರಿಯಿತು. ಕಿಲೋ ಲೆಕ್ಕದಲ್ಲಿ ಕುಯ್ಯುವವರಿಗೆ ಮಳೆಯ ದಿನ ಕೂಲಿಯಿಲ್ಲ ಎಂಬ ಹಳೆಯ ಪದ್ಧತಿಯನ್ನೇ ನಾನೂ ಪಾಲಿಸಿದೆ. ನಾಲ್ಕನೆಯ ದಿನ ನೋಡಿದರೆ ಅರ್ಧದಷ್ಟು ಮಂದಿ ಕಟ್ಟಡದ ಕೆಲಸ ಹುಡುಕಿಕೊಂಡು ಹೊರಟುಹೋಗಿದ್ದರು. ದಿನಸಿ ಅಂಗಡಿಯಲ್ಲಿ ಸಾಲ ಬೆಳೆಯುತ್ತಿರುವಾಗ ಅವರು ಕಾಯಬೇಕಿತ್ತೆಂದು ಹೇಳುವ ಹಕ್ಕು ನನಗಿರಲಿಲ್ಲ. ಕೆಲವೇ ದಿನಗಳಲ್ಲಿ ಆ ಮಳೆಗೆ ಗಿಡಗಳಲ್ಲಿ ಹೂ ಅರಳಿತು. ಹಣ್ಣಿನ ಮುಂದಿನ ಗಣ್ಣುಗಳಲ್ಲೇ ಹೂವಿರುವುದರಿಂದ ಕುಯ್ಯಲು ಹೋದರೆ ಮುಂದಿನ ವರ್ಷದ ಫಸಲು ಉದುರುತ್ತದೆ, ಬಿಟ್ಟರೆ ಈ ವರ್ಷದ ಹಣ್ಣು ಗಿಡದಲ್ಲೇ ಒಣಗುತ್ತದೆ.

ಮರುವರ್ಷದಿಂದ ಮಳೆಯ ದಿನಕ್ಕೂ ದಿನಗೂಲಿ ನಿಗದಿ ಮಾಡಿದೆ. ಕಣದಲ್ಲಿ ಒಣಗಲು ಹಾಕಿದ ಕಾಫಿಗೆ ಟಾರ್ಪಾಲಿನ್ ಹೊದಿಸುವುದು, ಗೋಣಿಚೀಲ ಹೊಲಿಯುವುದು, ನರ್ಸರಿಯ ಚೀಲಗಳಿಗೆ ಮಣ್ಣು ತುಂಬುವುದು ಮುಂತಾದ, ಮಳೆಯಲ್ಲೂ ಆಗುವ ಕೆಲಸಗಳನ್ನು ಆ ದಿನಕ್ಕೆಂದೇ ಉಳಿಸಿಡುತ್ತೇನೆ. ಮುಂಗಡವನ್ನು ಮೇಸ್ತ್ರಿಯ ಕೈಗೆ ಕೊಡದೆ ಅವನ ಎದುರಿನಲ್ಲೇ ಪ್ರತಿಯೊಬ್ಬರಿಗೂ ಕೊಟ್ಟು ಅವರವರ ಪುಸ್ತಕದಲ್ಲಿ ಬರೆಯುತ್ತೇನೆ. ಇದರಿಂದ ಮೇಸ್ತ್ರಿಗೆ ಬೇಸರವಾಯಿತಾದರೂ ನಾನು ಬದಲಿಸಲಿಲ್ಲ.

ಮಳೆ ನಿಂತ ಮೇಲಿನ ವಾರವೇ ಅತ್ಯಂತ ಮುಖ್ಯ. ಮಳೆ ಬಿದ್ದ ಸುಮಾರು ಎಂಟು-ಹತ್ತು ದಿನಗಳಿಗೆ ಹೂ ಅರಳುವುದರಿಂದ, ಆ ಅವಧಿಯಲ್ಲಿ ಎಲ್ಲರನ್ನೂ ಹಣ್ಣು ಹೆಚ್ಚಿರುವ ಬ್ಲಾಕುಗಳಿಗೇ ಹಾಕುತ್ತೇನೆ. ಆತುರವಿದ್ದರೂ ಕಾವಲುಗಾರ ಒಂದು ಸುತ್ತು ಹೋಗಿ ಆನೆಯಿಲ್ಲವೆಂದು ತಿಳಿಸುವವರೆಗೆ ಯಾರೂ ಗಿಡದ ಸಾಲಿಗೆ ಇಳಿಯುವಂತಿಲ್ಲ. ಹೂ ಬಿಟ್ಟೊಡನೆ ಕುಯ್ಲು ನಿಲ್ಲಿಸಿ, ಹೂ ಬಾಡಿ ಉದುರುವವರೆಗೆ ಕಣದ ಕೆಲಸಕ್ಕೂ, ಹಣ್ಣಾಗಿದ್ದರೆ ಕಾಳುಮೆಣಸಿಗೂ ಜನರನ್ನು ಹಂಚುತ್ತೇನೆ.

ಕಳೆದ ಬಾರಿ ಎರಡು ದಿನ ಮಳೆಯಾಯಿತು. ಮೂರನೆಯ ದಿನ ಬೆಳಿಗ್ಗೆ 22 ಮಂದಿಯಲ್ಲಿ 21 ಮಂದಿ ಚೀಲ ಹಿಡಿದು ಬಂದಿದ್ದರು. ಒಬ್ಬಾಕೆ ಮಗುವಿಗೆ ಜ್ವರವೆಂದು ಲೈನ್ ಮನೆಯಲ್ಲೇ ಉಳಿದಿದ್ದಳು.