ನೆರಳಿಗೆ ಬಣ್ಣ: ಜಾಕ್ ಕಾರ್ಡಿಫ್ ಅವರ ಪಾಠವನ್ನು ನಾನು ಬಳಸಿಕೊಂಡ ಬಗೆ

ಬ್ರಿಟಿಷ್ ಸಿನಿಮಾ ಛಾಯಾಗ್ರಾಹಕ ಜಾಕ್ ಕಾರ್ಡಿಫ್ (1914–2009) ಅವರ ಕೆಲಸವನ್ನು ನಾನು ಓದಿ ತಿಳಿದದ್ದು ಸ್ವಲ್ಪ. ಅವರ ಚಿತ್ರಗಳನ್ನು ಅಲ್ಲಲ್ಲಿ ನಿಲ್ಲಿಸಿ, ಮುಖದ ಯಾವ ಬದಿಗೆ ಯಾವ ಬಣ್ಣದ ಬೆಳಕು ಬಿದ್ದಿದೆಯೆಂದು ಗುರುತು ಹಾಕಿಕೊಂಡು ತಿಳಿದದ್ದೇ ಹೆಚ್ಚು. ಕಿರುಚಿತ್ರಗಳಿಗೆ ಕ್ಯಾಮೆರಾ ಹಿಡಿಯುವ ನನಗೆ ಅವರಿಂದ ದಕ್ಕಿದ್ದು ಮುಖ್ಯವಾಗಿ ಒಂದು ಸಂಗತಿ: ನೆರಳಿಗೂ ಬಣ್ಣವಿರುತ್ತದೆ, ಅದನ್ನು ಆರಿಸುವುದು ಛಾಯಾಗ್ರಾಹಕನ ಹೊಣೆ.

ಇಂಗ್ಲೆಂಡಿನ ಗ್ರೇಟ್ ಯಾರ್ಮತ್‌ನಲ್ಲಿ ರಂಗಕಲಾವಿದ ದಂಪತಿಗಳಿಗೆ ಹುಟ್ಟಿದ ಕಾರ್ಡಿಫ್ ಮೊದಲು ಬಾಲನಟರಾಗಿದ್ದರು. 1930ರ ದಶಕದಲ್ಲಿ ಬಣ್ಣದ ಸಿನಿಮಾದ ತಂತ್ರ ರೂಪಿಸಿದ ಟೆಕ್ನಿಕಲರ್ ಕಂಪನಿ ತರಬೇತಿಗೆ ಕ್ಯಾಮೆರಾಮನ್ ಒಬ್ಬರನ್ನು ಹುಡುಕುತ್ತಿದ್ದಾಗ, ತಮಗೆ ಯಂತ್ರಜ್ಞಾನ ಅಷ್ಟಾಗಿ ತಿಳಿಯದೆಂದು ಒಪ್ಪಿಕೊಂಡು, ರೆಂಬ್ರಾಂಟ್‌ನಂಥ ಚಿತ್ರಕಾರರ ಬೆಳಕಿನ ಬಗ್ಗೆ ಮಾತನಾಡಿದ ಇವರೇ ಆಯ್ಕೆಯಾದರು. ಅದೇ ದಶಕದಲ್ಲಿ ಭಾರತಕ್ಕೂ ಬಂದು ಬಣ್ಣದ ಪ್ರವಾಸಿ ಕಿರುಚಿತ್ರಗಳನ್ನು ತೆಗೆದರು. ಟೆಕ್ನಿಕಲರ್ ಕ್ಯಾಮೆರಾದಲ್ಲಿ ಪ್ರಿಸಂ ಬೆಳಕನ್ನು ಒಡೆದು ಮೂರು ಫಿಲ್ಮ್ ಪಟ್ಟಿಗಳಿಗೆ ಹಂಚುತ್ತಿತ್ತಾದ್ದರಿಂದ, ಇಂದಿನ ಲೆಕ್ಕದಲ್ಲಿ ನಂಬಲಾಗದಷ್ಟು ಬೆಳಕು ಬೇಕಾಗುತ್ತಿತ್ತು; ಕಾರ್ಬನ್ ಆರ್ಕ್ ದೀಪಗಳ ಆ ಬಿಸಿಯಲ್ಲಿ ನಟರು ಹೇಗೆ ನಿಂತರೋ! ಅಷ್ಟು ಬೆಳಕು ಸುರಿದೂ ನೆರಳನ್ನು ಉಳಿಸಿಕೊಂಡದ್ದೇ ಅವರ ಹೆಚ್ಚುಗಾರಿಕೆ ಎಂದು ನಾನು ಭಾವಿಸುತ್ತೇನೆ.

ಅವರಿಗೆ ಆಸ್ಕರ್ ತಂದ 1947ರ ‘ಬ್ಲ್ಯಾಕ್ ನಾರ್ಸಿಸಸ್’ ಹಿಮಾಲಯದ ಕಥೆಯಾದರೂ ಚಿತ್ರೀಕರಣ ನಡೆದದ್ದು ಇಂಗ್ಲೆಂಡಿನಲ್ಲಿ, ಬಹುಪಾಲು ಪೈನ್‌ವುಡ್ ಸ್ಟುಡಿಯೋದಲ್ಲಿ. ಹಿನ್ನೆಲೆಯ ಬೆಟ್ಟಗಳಲ್ಲಿ ಹಲವು, ದೊಡ್ಡದು ಮಾಡಿದ ಕಪ್ಪು-ಬಿಳುಪು ಫೋಟೋಗಳ ಮೇಲೆ ಬಣ್ಣದ ಸೀಮೆಸುಣ್ಣ ತೀಡಿ ಮಾಡಿದಂಥವು. ಅವು ಕೃತಕವೆಂದು ಅನ್ನಿಸದಿರಲು ಸೆಟ್ಟಿನ ಬೆಳಕು ಕಾರಣ: ಮುಖಕ್ಕೆ ಬೆಚ್ಚನೆಯ ಬೆಳಕು, ನೆರಳಿಗೆ ತೆಳು ಹಸಿರು.

ನಾನು ಇದನ್ನು ಪ್ರಯೋಗಿಸಿದ್ದು ಹಳೆಯ ಮನೆಯೊಂದರ ಪಡಸಾಲೆಯಲ್ಲಿ, ನಸುಕಿನಲ್ಲಿ ಹೆಂಗಸೊಬ್ಬಳು ಒಬ್ಬಳೇ ಕುಳಿತಿರುವ ದೃಶ್ಯಕ್ಕೆ. ಬಲಗಡೆ ಬಿಳಿ ಬಟ್ಟೆಯ ಹಿಂದೆ ಎಲ್‌ಇಡಿ ದೀಪವನ್ನು ಬೆಚ್ಚನೆಯ ಬಣ್ಣಕ್ಕೆ ಹೊಂದಿಸಿ ಕೀ ಲೈಟ್, ಅಂದರೆ ಮುಖ್ಯ ಬೆಳಕು, ಮಾಡಿಕೊಂಡೆ. ಎಡಗಡೆ ನೆಲದ ಮೇಲೆ ಥರ್ಮೊಕೋಲ್ ಹಾಳೆಯನ್ನು ಓರೆಯಾಗಿ ನಿಲ್ಲಿಸಿ, ಹಸಿರು ಜೆಲ್ (ದೀಪಕ್ಕೆ ಕಟ್ಟುವ ಬಣ್ಣದ ಪಾರದರ್ಶಕ ಹಾಳೆ) ಕಟ್ಟಿದ ಸಣ್ಣ ದೀಪವೊಂದನ್ನು ಅದಕ್ಕೆ ಹೊಡೆದು, ಅಲ್ಲಿಂದ ಚಿಮ್ಮುವ ಬೆಳಕು ಕೀಗಿಂತ ಎರಡೂವರೆ ಸ್ಟಾಪ್ (ಒಂದು ಸ್ಟಾಪ್ ಇಳಿದರೆ ಬೆಳಕು ಅರ್ಧವಾಗುತ್ತದೆ) ಕಡಿಮೆ ಇರುವಂತೆ ನೋಡಿಕೊಂಡೆ. ಕಾರ್ಡಿಫ್ ಎದುರಿಗಿದ್ದ ಬಿಳಿಚು ಚರ್ಮಕ್ಕೆ ಒಪ್ಪುವ ಹಸಿರು ನಮ್ಮ ಗೋಧಿಬಣ್ಣದ ಕೆನ್ನೆಯ ಮೇಲೆ ಕಾಯಿಲೆಯವರ ಕಳೆ ತರುತ್ತದೆ. ಆದ್ದರಿಂದ ತೀರ ತೆಳುವಾದ ಜೆಲ್ ಆರಿಸಿ, ಬೆಳಕನ್ನು ತಡೆಯುವ ಕಟರ್ ಹಲಗೆ ಇಟ್ಟು, ಹಸಿರು ಬೆಳಕು ದವಡೆಯ ಕೆಳಗೆ ಮತ್ತು ಸೆರಗಿನ ಮಡಿಕೆಗಳಲ್ಲಿ ಮಾತ್ರ ಉಳಿಯುವಂತೆ ಮಾಡಿದೆ. ಮೊದಲು ತೆಗೆದಿಟ್ಟಿದ್ದ ಕುಂಕುಮಗೆಂಪು ಸೀರೆ ಆ ಬೆಳಕಿನಲ್ಲಿ ಬರಿಯ ಕಪ್ಪಾಗಿ ಕಾಣುತ್ತಿತ್ತು. ಕೋರಾ ಬಣ್ಣದ ಹತ್ತಿಸೀರೆ ಉಡಿಸಿದ ಮೇಲೆ ಪ್ರತಿ ಮಡಿಕೆಯಲ್ಲೂ ಬಣ್ಣ ತೋರತೊಡಗಿತು. ಗೋಡೆಗೆ ಬೇರೆ ದೀಪ ಬೇಕಾಗಲಿಲ್ಲ; ಸುಣ್ಣದ ಗೋಡೆ ತಾನಾಗಿಯೇ ಎರಡೂ ಬಣ್ಣಗಳನ್ನು ಹಿಡಿಯಿತು.

ಇದನ್ನೆಲ್ಲ ಡಿಐನಲ್ಲಿ, ಅಂದರೆ ಚಿತ್ರೀಕರಣದ ನಂತರ ಕಂಪ್ಯೂಟರಿನಲ್ಲಿ ಬಣ್ಣ ತಿದ್ದುವಾಗ, ಮಾಡಬಹುದಲ್ಲ ಎಂದು ಕೇಳುವವರಿದ್ದಾರೆ. ಅಲ್ಲಿ ಬಣ್ಣ ತಿದ್ದುವ ಕಲರಿಸ್ಟ್ ನೆರಳಿಗೆ ಹಸಿರು ಕೊಟ್ಟಾಗ ಅದು ಸಾಮಾನ್ಯವಾಗಿ ಕತ್ತಲೆಯ ಭಾಗಕ್ಕೆಲ್ಲ ಒಂದೇ ಸಮನಾಗಿ ಹರಡುತ್ತದೆ, ಕಪ್ಪು ಕೂದಲಿಗೂ ಕಣ್ಣಿನ ಗುಡ್ಡೆಗೂ ಸೇರಿ. ದೀಪದಿಂದ ಬಂದ ಹಸಿರಿಗಾದರೋ ದಿಕ್ಕಿದೆ. ನಟಿ ತಲೆ ತಿರುಗಿಸಿದಾಗ ಅದು ಅವಳ ಮುಖದ ಮೇಲೆ ಸರಿಯುತ್ತದೆ. ಈಗ ಎಲ್ಲೆಲ್ಲೂ ಕಾಣುವ ನೀಲಿ-ಕಿತ್ತಳೆಯ ಚಪ್ಪಟೆತನ ನನಗೆ ಹಿಡಿಸದಿರುವುದಕ್ಕೆ ಇದೇ ಕಾರಣ. ಹಾಗೆಂದು ಡಿಐ ತಪ್ಪಿಸಲು ಬರುವುದಿಲ್ಲ. ಅಲ್ಲಿ ಕುಳಿತವರು ಹಸಿರನ್ನು ದೋಷವೆಂದು ತಿಳಿದು ಅಳಿಸಿಬಿಡುವ ಸಂಭವವಿರುವುದರಿಂದ, ನೆರಳು ತುಂಬುವ ಆ ಹಸಿರು ದೀಪವನ್ನು, ಅಂದರೆ ಫಿಲ್ ದೀಪವನ್ನು, ನಂದಿಸಿ, ಕೀ ಬೆಳಕೊಂದರಲ್ಲೇ ಬಣ್ಣ ಹೊಂದಿಸಲು ಬಳಸುವ ಬೂದು ಕಾರ್ಡನ್ನು ಚಿತ್ರಿಸಿ, ಬಣ್ಣದ ಸಮತೋಲವನ್ನು ಆ ಶಾಟ್‌ನಿಂದಲೇ ತೆಗೆದುಕೊಳ್ಳಬೇಕೆಂದು ಕ್ಯಾಮೆರಾ ವರದಿಯಲ್ಲಿ ಬರೆದು ಕಳುಹಿಸುತ್ತೇನೆ.