ಸಣ್ಣ ಪಾತ್ರ ಮಾಡಾವ್ರು ಥಾಮಸ್ ಮಿಚೆಲ್‌ನ್ನ ಹ್ಯಾಂಗ ನೋಡಬೇಕು

ಕಲಬುರಗಿಯ ನಮ್ಮ ಹವ್ಯಾಸಿ ತಂಡಕ್ಕ ಹೊಸದಾಗಿ ಬಂದ ಹುಡುಗರಿಗೆ ಮೊದಲ ನಾಟಕದಾಗ ಮುನೀಮಂದೋ ಪೊಲೀಸಂದೋ ಪಾತ್ರ ಸಿಗ್ತದ. ಆಡೋ ಮಾತು ನಾಕಾರು, ಸುಮ್ನ ನಿಂದ್ರೋ ಹೊತ್ತು ಅರ್ಧ ತಾಸು. ಆ ಅರ್ಧ ತಾಸಿನಾಗ ಏನು ಮಾಡಬೇಕಂತ ನನಗ ತೋರಿಸಿದಂವ ಅಮೆರಿಕದ ನಟ ಥಾಮಸ್ ಮಿಚೆಲ್. 1892ರಾಗ ನ್ಯೂಜೆರ್ಸಿದಾಗ ಹುಟ್ಟಿ 1962ರಾಗ ತೀರ್ಕೊಂಡ. ಹೆಚ್ಚಾಗಿ ಹೀರೊನ ಬಾಜೂಕ ನಿಂದ್ರೋ ಪಾತ್ರಾನೇ ಮಾಡಿದ ಅಂವ, ನಟನೆಗೆ ಸಿನಿಮಾದ ಆಸ್ಕರ್, ನಾಟಕದ ಟೋನಿ, ಟೀವಿಯ ಎಮ್ಮಿ ಪ್ರಶಸ್ತಿ ಮೂರೂ ಗೆದ್ದ ಮೊದಲ ಗಂಡಸು.

ಮೊದಲಿಗೆ 1939ರ ಸಿನಿಮಾ ಅಷ್ಟೇ ತೊಗೋರಿ. ಆ ಒಂದೇ ವರ್ಷದಾಗ 'ಸ್ಟೇಜ್‌ಕೋಚ್'ನ ಕುಡುಕ ಡಾಕ್ಟರ್, 'ಗಾನ್ ವಿತ್ ದ ವಿಂಡ್'ನಾಗ ನಾಯಕಿಯ ಅಪ್ಪ, 'ಓನ್ಲಿ ಏಂಜಲ್ಸ್ ಹ್ಯಾವ್ ವಿಂಗ್ಸ್'ನಾಗ ಕಣ್ಣು ಮಂಜಾಗೋದನ್ನ ಮುಚ್ಚಿಟ್ಟ ಪೈಲಟ್, 'ಮಿಸ್ಟರ್ ಸ್ಮಿತ್ ಗೋಸ್ ಟು ವಾಷಿಂಗ್ಟನ್'ನ ಪತ್ರಕರ್ತ ಆಗ್ಯಾನ. ಹರೇದಾಗ ಅಂವ ಖರೇನೇ ವರದಿಗಾರ ಇದ್ದ.

'ಸ್ಟೇಜ್‌ಕೋಚ್' ಮೂರು ಸಲ ನೋಡ್ರಿ. ಆಸ್ಕರ್ ಅಂವಗ ಇದಕ್ಕೇ ಬಂತು. ಮೊದಲ ಸಲ ಕಥಿ. ಎರಡನೇ ಸಲ ಯಾರೇ ಮಾತಾಡ್ಲಿ, ಕಣ್ಣು ಇಂವನ ಮ್ಯಾಲೇ ಇರ್ಲಿ. ಮೂರನೇ ಸಲ ದನಿ ಬಂದ್ ಮಾಡ್ರಿ. ಕಥಿ ನಡಿಯೋ ಕುದುರಿ ಗಾಡಿಯೊಳಗ ಬಾಜೂಕ ಕುಂತ ವಿಸ್ಕಿ ವ್ಯಾಪಾರಿಯ ಚೀಲ ಅದನಲ್ಲ, ಅದನ್ನ ಇಂವ ಕೂಸಿನಂಗ ಜ್ವಾಕಿ ಮಾಡ್ತಾನ. ಕುಡುಕ ಅಂದ್ರ ತೂರಾಡೋದಂತ ನಮ್ಮ ಕಡಿ ಭಾಳ ಮಂದಿ ತಿಳ್ಕೊಂಡಾರ, ಅದು ತಪ್ಪು. ದಾರ್ಯಾಗ ಹೆರಿಗೆ ಮಾಡಿಸೋ ಪ್ರಸಂಗ ಬಂದಾಗ ಅದೇ ಮನಶ್ಯಾ ಕರೀ ಕಾಫಿ ಮ್ಯಾಲೆ ಕಾಫಿ ಕುಡ್ದು ಎಚ್ಚರಕ್ಕ ಬರ್ತಾನ. ಆ ದೃಶ್ಯ ನಿಲ್ಲಿಸಿ ನಿಲ್ಲಿಸಿ ನೋಡ್ರಿ. ಕೈಗೆ ಏನು ಕೆಲಸ, ಕಣ್ಣು ಎಲ್ಲಿ, ಯಾರ ಮಾತು ಕೇಳ್ತಾನ, ಈ ಮೂರನ್ನ ಒಂದು ವಹಿಯಾಗ ಬರ್ಕೊಳ್ರಿ.

ಆಮ್ಯಾಲೆ 1946ರ 'ಇಟ್ಸ್ ಎ ವಂಡರ್‌ಫುಲ್ ಲೈಫ್'ಗೆ ಬರ್ರಿ. ಅದರಾಗ ಮಿಚೆಲ್ ಮಾಡಿದ ಮರೆವಿನ ಅಂಕಲ್ ಬಿಲ್ಲಿ ನೆನಪಿಗಂತ ಬೆರಳಿಗೆ ದಾರ ಕಟ್ಕೊಂಡಿರ್ತಾನ. ಅಷ್ಟಿದ್ರೂ 8,000 ಡಾಲರ್ ಪೇಪರಿನಾಗ ಮಡಚಿ ವೈರಿ ಕೈಗೇ ಕೊಡ್ತಾನ.

ಇಲ್ಲಿ ಒಂದು ಎಚ್ಚರ ಬೇಕು. ಮಿಚೆಲ್‌ನ ದಾರ ನೀವು ಕಟ್ಕೋಬ್ಯಾಡ್ರಿ. ನನಗ ಒಮ್ಮೆ ಮರೆವಿನ ಕಾಕಾನ ಪಾತ್ರ ಬಂದಿತ್ತು. ತಾಲೀಮಿನಾಗ ಬೆರಳಿಗೆ ದಾರ ಸುತ್ತಿದೆ, ಎದುರಿಗಿದ್ದ ಯಾರಿಗೂ ತಿಳೀಲಿಲ್ಲ. ಮನಿಗೆ ಬಂದು ವಿಚಾರ ಮಾಡಿದಾಗ ನಮ್ಮ ಅಜ್ಜ ನೆನಪಾದ. ಪ್ಯಾಟಿಗೆ ಹೋಗೂವಾಗ ಎಣ್ಣಿ ತರೋದು ಮರೀಬಾರದಂತ ಧೋತ್ರದ ಚುಂಗಿಗೆ ಗಂಟು ಹಾಕ್ತಿದ್ದ. ಪಂಡಿತ ರಂಗಮಂದಿರದಾಗ ನಾಟಕ ಆದ ದಿನ ನಾನು ಟವೆಲ್ಲಿಗೆ ಮೂರು ಗಂಟು ಹಾಕ್ಕೊಂಡು ಹೋದೆ. ಮೂರನೇದು ಯಾಕಂತ ನೆನಪಾಗದ ಅದನ್ನ ಮುಟ್ಟಿ ಮುಟ್ಟಿ ನೋಡ್ಕೊಂತ ನಿಂತೆ. ಮುಂದಿನ ಸಾಲಿನಾಗ ಕುಂತ ಒಬ್ಬಾಕಿ ಮುದುಕಿ, "ಎಣ್ಣಿ ಇರಬೇಕು ನೋಡಪಾ" ಅಂದಳು.

ಅಂಥವು ನಿಮಗ ಸಿಗಬೇಕಾದ್ರ ಹೊಸ ತೊಗರಿ ಬರೋ ಹೊತ್ತಿಗೆ ನಮ್ಮೂರ ಗಂಜ್ ಮಾರ್ಕೆಟ್ಟಿಗೆ ಹೋಗ್ರಿ, ಯಾವುದಾದ್ರೂ ಅಡತಿ ಅಂಗಡಿ ಮುಂದ ಒಂದು ತಾಸು ಕುಂದರ್ರಿ. ಕಾಳು ಕಡ್ದು ನೋಡೋ ವ್ಯಾಪಾರಿ, ಅಂವನ ಮಾರಿ ನೋಡೋ ರೈತ, ಕಿವಿಮ್ಯಾಲಿನ ಪೆನ್ನು ತಗೀದೇ ಲೆಕ್ಕ ಹೇಳೋ ಮುನೀಮ. ವಹಿ ಸಂಗಟ ಇರ್ಲಿ.